ಹಳೇ ಮುಳ್ಳಿನ ಟ್ಯೂನರ್ ಸಿಕ್ಕರೆ: ಕೊಳ್ಳೋದರಿಂದ ತಂಬೂರಿ ಕೂಡಿಸೋವರೆಗೆ

ಮೊಬೈಲ್‌ನಲ್ಲಿ ವಾದ್ಯದ ಶ್ರುತಿ ಅಳೆಯುವ ಪುಕ್ಕಟೆ ಟ್ಯೂನರ್ ಆ್ಯಪ್ ಇರುವಾಗ ನಲವತ್ತು ವರ್ಷದ ಹಳೇ ಡಬ್ಬಿ ಯಾಕೆ ಬೇಕು ಅಂತ ಬೆಳಗಾವಿಯಲ್ಲಿ ನನ್ನನ್ನು ಕೇಳದವರಿಲ್ಲ. ನನ್ನ ಉತ್ತರ ಒಂದೇ: ಮುಳ್ಳು. ತಂತಿ ಮೀಟಿದ ಕೂಡಲೇ ಶ್ರುತಿ ಸ್ವಲ್ಪ ಏರುತ್ತದೆ, ಆಮೇಲೆ ಇಳಿದು ಒಂದು ಕಡೆ ನಿಲ್ಲುತ್ತದೆ. ಹಳೇ ಟ್ಯೂನರ್‌ನ ಮುಳ್ಳು ಆ ಇಡೀ ಪಯಣವನ್ನು ತೋರಿಸುತ್ತದೆ, ಎಲ್ಲಿ ನಿಂತಿತು ಅನ್ನೋದಷ್ಟೇ ಅಲ್ಲ. ಇನ್ನೊಂದು ಕಾರಣ ಬರೀ ಅನುಕೂಲದ್ದು. ಭಜನೆಗೆ ಕೂತಾಗ ಟ್ಯೂನರ್‌ಗೆ ಫೋನ್ ಬರುವುದಿಲ್ಲ.

ಆದರೆ ಒಂದು ಮಾತು ಮೊದಲೇ ಹೇಳಿಬಿಡುತ್ತೇನೆ. ಈ ಡಬ್ಬಿ ನಿಮಗೆ ಷಡ್ಜ, ಅಂದರೆ ಸಾ, ಹಿಡಿದುಕೊಡುತ್ತದೆ. ಉಳಿದ ಸ್ವರಗಳಿಗೆ ಕಿವಿಯೇ ಬೇಕು. ಮುಳ್ಳು ನಡುವೆ ನಿಂತರೆ ಎಲ್ಲವೂ ಸರಿ ಅಂದುಕೊಂಡವರ ಗಾಂಧಾರ (ಗ ಸ್ವರ) ಹೇಗಿರುತ್ತದೆ ಅಂತ ಕೆಳಗೆ ಬರೆದಿದ್ದೇನೆ.

ಯಾವ ಜಾತಿಯದ್ದು ಅಂತ ಮೊದಲು ನೋಡಿ

ಎಲ್ಲಕ್ಕಿಂತ ಹಳೆಯವು ಸ್ಟ್ರೋಬ್ ಟ್ಯೂನರ್‌ಗಳು. ಅಮೆರಿಕದ ಕಾನ್ ಕಂಪನಿಯ ಸ್ಟ್ರೋಬೋಕಾನ್ 1936ರಲ್ಲಿ ಬಂತು. 12 ಸ್ವರಕ್ಕೆ 12 ತಿರುಗುವ ತಟ್ಟೆ, ಒಳಗೆ ವಾಲ್ವ್ (ಹಳೇ ರೇಡಿಯೋದಲ್ಲಿರುವ ಗಾಜಿನ ಬಲ್ಬಿನಂಥದ್ದು). ತಟ್ಟೆಯ ಹಿಂದಿನ ದೀಪ ನಿಮ್ಮ ಸ್ವರದ ವೇಗಕ್ಕೇ ಮಿನುಗುತ್ತದೆ. ಸ್ವರ ಸರಿ ಇದ್ದರೆ ತಟ್ಟೆಯ ಮೇಲಿನ ಪಟ್ಟಿಗಳು ನಿಂತ ಹಾಗೆ ಕಾಣುತ್ತವೆ, ಏರಿದ್ದರೆ ಒಂದು ಕಡೆಗೆ, ಇಳಿದಿದ್ದರೆ ಇನ್ನೊಂದು ಕಡೆಗೆ ಹರಿಯುತ್ತವೆ. ಅದೇ ಕಂಪನಿ ಮುಂದೆ ಒಂದೇ ತಟ್ಟೆಯ ಸ್ಟ್ರೋಬೋಟ್ಯೂನರ್ ಮಾಡಿತು, ಗುಂಡಿ ತಿರುಗಿಸಿ ಸ್ವರ ಆರಿಸಿಕೊಳ್ಳಬೇಕು. ಇಂಥದ್ದು ನಮ್ಮ ಕಡೆ ಸಿಗುವುದು ಅಪರೂಪ. ಸಿಕ್ಕರೂ ಅಮೆರಿಕದ ಕರೆಂಟಿಗೆ ಮಾಡಿದ್ದು. ನಮ್ಮ 230 ವೋಲ್ಟ್‌ಗೆ ನೇರ ಚುಚ್ಚಿದರೆ ಹೊಗೆ ಬರುತ್ತದೆ, ನಡುವೆ ಸ್ಟೆಪ್‌ಡೌನ್ ಟ್ರಾನ್ಸ್‌ಫಾರ್ಮರ್ ಬೇಕೇ ಬೇಕು. ವಾಲ್ವ್ ಇರುವ ಪೆಟ್ಟಿಗೆಯ ಒಳಗಿನ ಕೆಪಾಸಿಟರ್‌ಗಳಲ್ಲಿ ಪ್ಲಗ್ ಕಿತ್ತ ಮೇಲೂ ಜೋರು ಕರೆಂಟ್ ಉಳಿದಿರುತ್ತದೆ. ಹಳೇ ರೇಡಿಯೋ ಬಿಚ್ಚಿ ಗೊತ್ತಿದ್ದವರ ಕೈಗೆ ಕೊಡಿ, ನೀವು ಮುಟ್ಟಬೇಡಿ.

ಈ ಬರಹ ಮುಖ್ಯವಾಗಿ ಎರಡನೇ ಜಾತಿಯ ಬಗ್ಗೆ, ಅಂದರೆ ಕೈಯಲ್ಲಿ ಹಿಡಿಯುವ ಮುಳ್ಳಿನ ಟ್ಯೂನರ್. ಜಪಾನಿನ ಕಾರ್ಗ್ ಕಂಪನಿ 1975ರಲ್ಲಿ ಡಬ್ಲ್ಯೂಟಿ-10 ತಂದಿತು, ಇವುಗಳಲ್ಲಿ ಮೊದಲನೆಯದು ಅದೇ. ಸ್ವರವನ್ನು ನಾವೇ ಗುಂಡಿ ತಿರುಗಿಸಿ ಆರಿಸಬೇಕು. 1983ರಲ್ಲಿ ಬಂದ ಬಾಸ್ ಟಿಯು-12 ಸ್ವರವನ್ನು ತಾನೇ ಗುರುತಿಸಿ ದೀಪ ಹಚ್ಚುತ್ತದೆ. ಆರ್ಕೆಸ್ಟ್ರಾದವರು, ಗೋವಾ ಕಡೆ ನುಡಿಸಲು ಹೋಗಿ ಬರುವ ಗಿಟಾರಿನವರು, ಹಳೇ ಬ್ಯಾಂಡಿನವರು ಇವರ ಮನೆಯ ಅಟ್ಟದಲ್ಲಿ ಇಂಥವು ಇನ್ನೂ ಇವೆ. ಕೇಳಿದರೆ ಕೊಡುತ್ತಾರೆ.

ಕೊಳ್ಳಬಾರದ್ದು ಒಂದಿದೆ. ಬರೀ ಗಿಟಾರಿಗೆ ಮಾಡಿದ ಟ್ಯೂನರ್. ಅದಕ್ಕೆ ಇ, ಎ, ಡಿ, ಜಿ, ಬಿ ಬಿಟ್ಟು ಬೇರೆ ಸ್ವರ ಗೊತ್ತೇ ಇಲ್ಲ. ನಿಮ್ಮ ಷಡ್ಜ ಪೇಟಿಯ (ಹಾರ್ಮೋನಿಯಂನ) ಬಿಳಿ ಆರು, ಅಂದರೆ ಆರನೇ ಬಿಳಿ ಮನೆ (ಕೀ) ಆಗಿದ್ದರೆ ಎ ಇದೆಯಲ್ಲ ಅಂತ ಹೇಗೋ ನಡೆಯುತ್ತದೆ, ಕಪ್ಪು ಒಂದಕ್ಕೆ ಹಾಡುವವರಿಗೆ ಅದರಿಂದ ಕಾಸಿನ ಉಪಯೋಗವಿಲ್ಲ. 12 ಸ್ವರವೂ ಇರುವುದನ್ನೇ ನೋಡಿ ಕೊಳ್ಳಿ.

ಕೊಳ್ಳುವಾಗ

ಹೋಗುವಾಗ ಹೊಸ ಸೆಲ್ ಜೇಬಿನಲ್ಲಿರಲಿ. ಮೊಬೈಲ್‌ನಲ್ಲಿ ಟೋನ್ ಜನರೇಟರ್ ಆ್ಯಪ್ ಇರಲಿ, ಎಷ್ಟು ಹರ್ಟ್ಸ್ (ಸೆಕೆಂಡಿಗೆ ಎಷ್ಟು ಕಂಪನ ಅನ್ನೋ ಲೆಕ್ಕ) ಹೇಳುತ್ತೀರೋ ಅಷ್ಟರ ನಾದ ಕೊಡುವಂಥದ್ದು.

ಮೊದಲು ಸೆಲ್ ಹಾಕುವ ಮುಚ್ಚಳ ತೆಗೆಯಿರಿ. ಕೊಡುವವರು ಎಷ್ಟು ಚೆನ್ನಾಗಿ ಇಟ್ಟುಕೊಂಡಿದ್ದರು ಅನ್ನೋದು ಅಲ್ಲೇ ಗೊತ್ತಾಗುತ್ತದೆ. ಸ್ಪ್ರಿಂಗ್ ಮೇಲೆ ಬಿಳಿ ಪುಡಿ ಇದ್ದರೆ ಚಿಂತೆಯಿಲ್ಲ, ಸ್ವಚ್ಛ ಮಾಡಬಹುದು. ಹಸಿರು ಕಲೆ ವೈರಿನ ಒಳಗೂ ಹರಿದು ಬೋರ್ಡಿನವರೆಗೆ ಹೋಗಿದ್ದರೆ ಬೆಲೆ ಇಳಿಸಿ ಕೇಳಿ. ಆಮೇಲೆ ಸೆಲ್ ಹಾಕದೆಯೇ ಡಬ್ಬಿಯನ್ನು ಆಕಡೆ ಈಕಡೆ ಮೆಲ್ಲಗೆ ಓಲಾಡಿಸಿ. ಮುಳ್ಳು ಸಡಿಲವಾಗಿ ಅಲುಗಾಡಿ ಮತ್ತೆ ತನ್ನ ಜಾಗಕ್ಕೆ ಬರಬೇಕು. ನಡುವೆ ಎಲ್ಲಾದರೂ ಅಂಟಿ ನಿಂತರೆ ಅರ್ಧ ಸಲ ಅದು ಗಾಜಿನ ಹಾಗಿರುವ ಪ್ಲಾಸ್ಟಿಕ್ ಮುಚ್ಚಳದ ಮೇಲಿನ ಸ್ಥಾಯಿ ವಿದ್ಯುತ್ ಅಷ್ಟೇ. ಬಟ್ಟೆಯಿಂದ ಉಜ್ಜಿ ಉಜ್ಜಿ ಹೊಳಪು ಮಾಡಿ ತೋರಿಸುವವರ ಮೀಟರ್‌ನಲ್ಲಿ ಇದು ಜಾಸ್ತಿ. ಬೆರಳು ಒದ್ದೆ ಮಾಡಿ ಪ್ಲಾಸ್ಟಿಕ್ ಮೇಲೆ ಸವರಿ, ಮುಳ್ಳು ಬಿಟ್ಟುಕೊಂಡರೆ ಮೀಟರ್ ಸರಿ ಇದೆ ಅಂತ ಲೆಕ್ಕ.

ಈಗ ಸೆಲ್ ಹಾಕಿ ಮೊಬೈಲ್‌ನಿಂದ 440 ಹರ್ಟ್ಸ್ ನಾದ ಕೊಡಿ. ಟ್ಯೂನರ್ ಎ ತೋರಿಸಬೇಕು. ಮುಳ್ಳು ಎಲ್ಲೋ ಇದ್ದರೆ ಕೂಡಲೇ ಬೇಡ ಅನ್ನಬೇಡಿ. ಹೊರಗೆ ಶ್ರುತಿ ಹೊಂದಿಸುವ ಗುಂಡಿ ಇದ್ದರೆ ಅದು ಯಾವ ಅಂಕಿಯಲ್ಲಿದೆ ನೋಡಿ. ಯಾರೋ ಅದನ್ನು 445ಕ್ಕೆ ತಿರುಗಿಸಿ ಬಿಟ್ಟಿದ್ದರೆ ಮುಳ್ಳು ಸುಮಾರು 20 ಸೆಂಟ್ ಕೆಳಗೆ ತೋರಿಸುತ್ತದೆ, ಮಾರುವವರು ಅದನ್ನೇ ಕೆಟ್ಟಿದೆ ಅಂತ ಅಗ್ಗಕ್ಕೆ ಕೊಡುತ್ತಾರೆ. ಸೆಂಟ್ ಅಂದರೆ ಪೇಟಿಯ ಒಂದು ಮನೆಯಿಂದ ಪಕ್ಕದ ಮನೆಗೆ ಇರುವ ದೂರದ ನೂರನೇ ಒಂದು ಪಾಲು. ಮುಳ್ಳಿನ ಪಟ್ಟಿ ಸಾಮಾನ್ಯವಾಗಿ ಈ ಕಡೆ 50, ಆ ಕಡೆ 50 ಸೆಂಟ್ ಇರುತ್ತದೆ.

ಸ್ವಚ್ಛ ಮಾಡೋದು

ಸೆಲ್ ಸೋರಿದ್ದರೆ ಯಾವ ಸೆಲ್ ಸೋರಿದೆ ಅನ್ನೋದು ಮುಖ್ಯ. ಆಲ್ಕಲೈನ್ ಸೆಲ್‌ನ ಸೋರಿಕೆ ಕ್ಷಾರ. ಹತ್ತಿಯನ್ನು ನಿಂಬೆರಸದಲ್ಲೋ ವಿನೆಗರ್‌ನಲ್ಲೋ ಅದ್ದಿ ಒರೆಸಿದರೆ ಸಣ್ಣಗೆ ನೊರೆ ಬಂದು ಬಿಡುತ್ತದೆ. ಆದರೆ ನಮ್ಮಲ್ಲಿ ಟಾರ್ಚು, ರೇಡಿಯೋಕ್ಕೆ ಹಾಕುತ್ತಿದ್ದ ಸಾದಾ ಜಿಂಕ್ ಸೆಲ್‌ನ ಸೋರಿಕೆ ಆಮ್ಲದ ಕಡೆಯದ್ದು, ಅದಕ್ಕೆ ಮತ್ತೆ ನಿಂಬೆ ಹಾಕಿದರೆ ಏನು ಬಂತು? ಅಡುಗೆ ಸೋಡಾವನ್ನು ಚಿಟಿಕೆ ನೀರಿನಲ್ಲಿ ಕಲಸಿ ಹಳೇ ಹಲ್ಲುಜ್ಜುವ ಬ್ರಷ್‌ನಿಂದ ತಿಕ್ಕಿ. ಎರಡರಲ್ಲಿ ಯಾವುದು ಮಾಡಿದರೂ ಕೊನೆಗೆ ಐಸೋಪ್ರೊಪೈಲ್ ಆಲ್ಕೋಹಾಲ್‌ನಿಂದ ಒರೆಸಿ ಪೂರ್ತಿ ಒಣಗಲು ಬಿಡಿ. ಆಮೇಲೆ ಸ್ಪ್ರಿಂಗ್ ತುದಿಯನ್ನು ಸಣ್ಣ ಮರಳು ಕಾಗದದಿಂದ ಲೋಹ ಮಿನುಗುವ ತನಕ ಉಜ್ಜಿ.

ಇಲ್ಲೇ ಒಬ್ಬ ರೇಡಿಯೋ ರಿಪೇರಿಯವರು ನನ್ನ ಡಬ್ಬಿ ಬಿಚ್ಚಿ ನೋಡಿ ಹೇಳಿದ್ದು: "ಸೆಲ್ ಒಳಗ ಬಿಟ್ಟು ಮರ್ತಬಿಟ್ಟಾರ್ರಿ ಯಾರೋ, ಮೂರ್ ಮಳಿಗಾಲ ಕುಡದೇತಿದು." ಬೆಳಗಾವಿ ಮಳೆ ಗೊತ್ತಲ್ಲ. ಬಾಗಲಕೋಟೆ, ವಿಜಯಪುರದ ಒಣ ಹವೆಯಲ್ಲಿ ಇದ್ದ ಡಬ್ಬಿಗಳು ಈ ವಿಷಯದಲ್ಲಿ ಅದೃಷ್ಟವಂತರು. ಅಲ್ಲಿ ಧೂಳು ಜಾಸ್ತಿ, ತುಕ್ಕು ಕಮ್ಮಿ.

ಸ್ವರ ಆರಿಸುವ ಗುಂಡಿ ತಿರುಗಿಸಿದಾಗ ಕರಕರ ಅಂದರೆ, ಅಥವಾ ಕೆಲವು ಸ್ವರದಲ್ಲಿ ಮಾತ್ರ ಮುಳ್ಳು ಕುಣಿದರೆ, ಒಳಗಿನ ಸ್ವಿಚ್ ಕೊಳೆಯಾಗಿದೆ. ಎಲೆಕ್ಟ್ರಾನಿಕ್ಸ್ ಅಂಗಡಿಯಲ್ಲಿ ಕಾಂಟ್ಯಾಕ್ಟ್ ಕ್ಲೀನರ್ ಅಂತ ಸ್ಪ್ರೇ ಸಿಗುತ್ತದೆ. ಸ್ವಿಚ್ಚಿನ ಸಂದಿಗೆ ಒಂದೇ ಒಂದು ಸಲ ಹೊಡೆದು ಗುಂಡಿಯನ್ನು ಈ ತುದಿಯಿಂದ ಆ ತುದಿಗೆ ಹತ್ತಿಪ್ಪತ್ತು ಸಲ ತಿರುಗಿಸಿ. ಬಾಗಿಲಿನ ಕೀಲಿಗೆ ಹಾಕುವ ಎಣ್ಣೆ ಸ್ಪ್ರೇ ಬೇಡ, ಅದು ಧೂಳು ಹಿಡಿದು ಕೂರುತ್ತದೆ. ಮೀಟರ್ ಒಳಗೆ ಯಾವ ಸ್ಪ್ರೇಯೂ ಹೋಗಬಾರದು. ಅಲ್ಲಿರುವ ಸುರುಳಿ ಸ್ಪ್ರಿಂಗ್ ತಲೆಗೂದಲಿಗಿಂತ ಸಣ್ಣದು, ಹನಿ ಬಿದ್ದರೂ ಸಿಕ್ಕಾಗುತ್ತದೆ.

ಮೀಟರ್ ಮುಖದ ಕೆಳಗೆ ಸಣ್ಣ ಸ್ಕ್ರೂ ಇದ್ದರೆ ಅದು ಮುಳ್ಳನ್ನು ಅದರ ಆರಂಭದ ಗೆರೆಗೆ ತರುವುದಕ್ಕೆ. ಸ್ವಿಚ್ ಆಫ್ ಇರುವಾಗಲೇ, ಡಬ್ಬಿಯನ್ನು ದಿನಾ ಇಡುವ ಹಾಗೇ ಇಟ್ಟು, ಕೂದಲಿನಷ್ಟೇ ತಿರುಗಿಸಿ. ಸ್ಥಾಯಿ ವಿದ್ಯುತ್ ತೊಂದರೆ ಇದ್ದರೆ ಪಾತ್ರೆ ತೊಳೆಯುವ ಸೋಪಿನ ಒಂದು ಹನಿ ನೀರಿಗೆ ಹಾಕಿ, ಹಿಂಡಿದ ಬಟ್ಟೆಯಿಂದ ಪ್ಲಾಸ್ಟಿಕ್ ಒರೆಸಿ ಹಾಗೇ ಒಣಗಲು ಬಿಡಿ.

ಕರೆಂಟ್

9 ವೋಲ್ಟ್ ಸೆಲ್‌ನಲ್ಲಿ ನಡೆಯುವವಕ್ಕೆ ಸೆಲ್ ಹಾಕುವುದೇ ಒಳ್ಳೇದು. ಅಡಾಪ್ಟರ್ ಬೇಕೇ ಬೇಕು ಅನ್ನುವವರು ಜ್ಯಾಕ್ ಪಕ್ಕದ ಗುರುತು ನೋಡಿ. ಜಪಾನಿನ ಗಿಟಾರ್ ಸಾಮಾನುಗಳಲ್ಲಿ ಬಹಳಷ್ಟಕ್ಕೆ ನಡುವಿನ ಪಿನ್ ಮೈನಸ್, ನಮ್ಮ ಮನೆಯ ಸೆಟ್‌ಟಾಪ್ ಬಾಕ್ಸ್, ವೈಫೈ ಡಬ್ಬಿಯ ಅಡಾಪ್ಟರ್‌ಗೆ ನಡುವಿನದ್ದು ಪ್ಲಸ್. ಪಿನ್ ಕೂರುತ್ತದೆ ಅಂತ ಚುಚ್ಚಿದರೆ ಟ್ಯೂನರ್ ಕಥೆ ಮುಗಿಯಿತು. ಮಲ್ಟಿಮೀಟರ್ ಹಿಡಿದು ನೋಡಿ, ವೋಲ್ಟೇಜ್ ಎಷ್ಟು ಅನ್ನೋದನ್ನೂ ನೋಡಿ.

ಕೆಪಾಸಿಟರ್ ಬದಲಿಸಬೇಕಾ?

ಬದಲಿಸಲೇಬೇಕು ಅಂತ ಇಂಟರ್‌ನೆಟ್ ತುಂಬಾ ಬರೆದಿರುತ್ತಾರೆ. ನಾನು ಹಾಗನ್ನುವುದಿಲ್ಲ. ಟ್ಯೂನರ್ ಸರಿಯಾಗಿ ಓಡುತ್ತಿದ್ದರೆ ಬಿಚ್ಚದೆ ಬಿಡಿ. ಮೂರು ಲಕ್ಷಣ ಇದ್ದರೆ ಮಾತ್ರ ಯೋಚಿಸಿ: ಮೆಲ್ಲನೆ ನುಡಿಸಿದ ಸ್ವರವನ್ನು ಹಿಡಿಯುವುದೇ ಇಲ್ಲ, ಹೊಸ ಸೆಲ್ ಬೇಗ ಖಾಲಿಯಾಗುತ್ತದೆ, ಅಥವಾ ಹಚ್ಚಿದ ಮೇಲೆ ತುಂಬಾ ಹೊತ್ತು ಮುಳ್ಳು ತೂಗಾಡುತ್ತದೆ. ಬದಲಿಸುವುದು ಬರೀ ಎಲೆಕ್ಟ್ರೋಲೈಟಿಕ್ ಕೆಪಾಸಿಟರ್, ಅಂದರೆ ಸಣ್ಣ ಡ್ರಮ್ ಆಕಾರದವು. ಮೊದಲು ಬೋರ್ಡಿನ ಫೋಟೋ ತೆಗೆದುಕೊಳ್ಳಿ. ಮೈಕ್ರೋಫ್ಯಾರಡ್ ಅಷ್ಟೇ ಇರಬೇಕು, ವೋಲ್ಟ್ ಅಷ್ಟೇ ಅಥವಾ ಜಾಸ್ತಿ ಇರಬಹುದು. ಪಟ್ಟಿ ಇರುವ ಕಡೆ ಮೈನಸ್. ಒಂದನ್ನು ತೆಗೆದು ಅದರ ಜಾಗಕ್ಕೆ ಹೊಸದು ಹಾಕಿದ ಮೇಲೇ ಇನ್ನೊಂದಕ್ಕೆ ಕೈ ಹಾಕಿ. ಹಳೇ ಬೋರ್ಡಿನ ತಾಮ್ರದ ಗೆರೆ ಕಾವು ತಾಳುವುದಿಲ್ಲ, ಸೋಲ್ಡರ್ ಕಡ್ಡಿ ಎರಡು ಮೂರು ಸೆಕೆಂಡಿಗಿಂತ ಹೆಚ್ಚು ಒತ್ತಿ ಹಿಡಿಯಬೇಡಿ.

ಟ್ಯೂನರ್ ನಿಜ ಹೇಳುತ್ತಿದೆಯಾ?

ಇದನ್ನು ಬಿಟ್ಟು ಮುಂದೆ ಹೋಗಬೇಡಿ. ಮೊಬೈಲ್ ಒಳಗಿನ ಗಡಿಯಾರ ಕ್ವಾರ್ಟ್ಜ್ ಹರಳಿನದ್ದು, ಅದರ ನಾದದಲ್ಲಿ ಒಂದು ಸೆಂಟಿನ ಕಾಲುಭಾಗದಷ್ಟೂ ತಪ್ಪು ಬರುವುದಿಲ್ಲ ಅಂತ ಇಟ್ಟುಕೊಳ್ಳಬಹುದು. ಹಾಗಾಗಿ ಪರೀಕ್ಷೆಗೆ ಅದು ಸಾಕು. ಹೊರಗಿನ ಗುಂಡಿಯನ್ನು 440ಕ್ಕೆ ಇಟ್ಟು ಈ ನಾದಗಳನ್ನು ಒಂದೊಂದಾಗಿ ಕೊಡಿ: 440 ಎ, 392 ಜಿ, 261.6 ಸಿ. ಆಮೇಲೆ 220, 110. ಮೊಬೈಲ್‌ನ ಸಣ್ಣ ಸ್ಪೀಕರ್ 110 ಹರ್ಟ್ಸ್ ಸರಿಯಾಗಿ ಕೊಡುವುದಿಲ್ಲ, ದೊಡ್ಡ ಸ್ಪೀಕರ್‌ಗೆ ಜೋಡಿಸಿ.

ಎಲ್ಲ ಸ್ವರದಲ್ಲೂ ಮುಳ್ಳು ಒಂದೇ ಅಳತೆಗೆ ಆಚೀಚೆ ಇದ್ದರೆ ಒಳಗಿನ ಹೊಂದಾಣಿಕೆ ಜಾರಿದೆ. ಬೋರ್ಡಿನ ಮೇಲೆ ಸ್ಕ್ರೂ ಹಾಗೆ ಕಾಣುವ ಟ್ರಿಮ್ಮರ್ ಇರುತ್ತದೆ. ಒಂದಕ್ಕಿಂತ ಹೆಚ್ಚು ಇದ್ದರೆ ಯಾವುದು ಯಾವುದಕ್ಕೆ ಅಂತ ಗೊತ್ತಾಗದೆ ಮುಟ್ಟಬೇಡಿ, ಒಂದು ಮೀಟರ್‌ನದ್ದೂ ಆಗಿರಬಹುದು. ತಿರುಗಿಸುವ ಮೊದಲು ಅದು ಇರುವ ಜಾಗಕ್ಕೆ ಪೆನ್ನಿನಿಂದ ಗೆರೆ ಹಾಕಿ, ಪ್ಲಾಸ್ಟಿಕ್ ಸ್ಕ್ರೂಡ್ರೈವರ್ ಹಿಡಿಯಿರಿ, ಡಬ್ಬಿ ಹಚ್ಚಿ ಅರ್ಧ ಗಂಟೆ ಆದ ಮೇಲೆ ಕೈ ಹಾಕಿ. ಎರಡು ಸೆಂಟ್ ಒಳಗಿನ ತಪ್ಪಿದ್ದರೆ ನಾನಾದರೆ ಬಿಟ್ಟುಬಿಡುತ್ತೇನೆ.

ಒಂದು ಮೋಜಿನ ಪರೀಕ್ಷೆ ಇದೆ. ಏನೂ ನುಡಿಸದಿರುವಾಗಲೂ ಟ್ಯೂನರ್ ಜಿ ಅಂತ ತೋರಿಸಿ, ಮುಳ್ಳು ನಡುವಿನಿಂದ 35 ಸೆಂಟ್ ಮೇಲೆ ಅಲ್ಲಾಡದೆ ನಿಂತಿದೆಯಾ? ಅದು ನಿಮ್ಮ ಮನೆಯ ಕರೆಂಟು. ನಮ್ಮ ಲೈನಿನ 50 ಹರ್ಟ್ಸ್ ಝುಂ ಅನ್ನೋ ಸದ್ದು, ಅದರ ಎರಡರಷ್ಟಾದ 100 ಹರ್ಟ್ಸ್, ಎರಡೂ ಸರಿಯಾಗಿ ಅಲ್ಲೇ ಬೀಳುತ್ತವೆ. ಕೇಬಲ್‌ನ ಅರ್ಥಿಂಗ್ ಬಿಟ್ಟಿದೆ, ಇಲ್ಲವೇ ಕೆಟ್ಟ ಅಡಾಪ್ಟರ್ ಇದೆ ಅಂತ ಅರ್ಥ. ಟ್ಯೂನರ್‌ನ ಕಿವಿ ಮಾತ್ರ ಚೆನ್ನಾಗಿದೆ.

ಪೇಟಿಗೆ ಹಿಡಿದಾಗ

ರಾಮಭಾವು ಬಿಜಾಪುರೆ ಅವರಂಥ ಹಾರ್ಮೋನಿಯಂ ವಾದಕರು ಬಾಳಿದ ಊರು ಬೆಳಗಾವಿ. ಶ್ರೀಕೃಷ್ಣ ಪಾರಿಜಾತ ಆಡುವ ಬಯಲಾಟದ ಮೇಳ, ಭಜನಾ ಮಂಡಳಿ, ಶಾಸ್ತ್ರೀಯ ಸಂಗೀತ, ಎಲ್ಲದಕ್ಕೂ ಪೇಟಿ ಬೇಕು. ಹಾಗಾಗಿ ಮೊದಲು ಅದನ್ನೇ ಅಳೆಯಿರಿ.

ಒಂದೇ ಸಾಲಿನ ರೀಡ್ (ಗಾಳಿಗೆ ನುಡಿಯುವ ಹಿತ್ತಾಳೆ ನಾಲಗೆ) ನುಡಿಯುವ ಹಾಗೆ ಉಳಿದ ಸ್ಟಾಪ್‌ಗಳನ್ನು ಮುಚ್ಚಿ. ತಿದಿಯನ್ನು ಒಂದೇ ಸಮ, ಮೆಲ್ಲಗೆ ಒತ್ತಿ. ಜೋರಾಗಿ ಒತ್ತಿದರೆ ರೀಡಿನ ಶ್ರುತಿ ಕೆಳಗಿಳಿಯುತ್ತದೆ, ಮುಳ್ಳು ಅದನ್ನೂ ತೋರಿಸುತ್ತದೆ, ಬೇಕಾದರೆ ಒತ್ತಿ ನೋಡಿ. ಪ್ರತಿ ಮನೆಗೂ ಎಷ್ಟು ಸೆಂಟ್ ಆಚೀಚೆ ಅಂತ ಕಾಗದದ ಮೇಲೆ ಬರೆದುಕೊಳ್ಳಿ. ಆ ಕಾಗದವೇ ಪೇಟಿಯ ಜಾತಕ.

ಒಂದೆರಡು ಮನೆ ಮಾತ್ರ ತಪ್ಪಿದ್ದರೆ ಅವು ರಿಪೇರಿ ಕೇಳುತ್ತಿವೆ. ರೀಡಿನ ತುದಿಯನ್ನು ಕೆರೆದರೆ ಶ್ರುತಿ ಏರುತ್ತದೆ, ಬುಡದ ಕಡೆ ಕೆರೆದರೆ ಇಳಿಯುತ್ತದೆ. ಕೆರೆದ ಹಿತ್ತಾಳೆ ವಾಪಸ್ ಬರುವುದಿಲ್ಲ, ಹಾಗಾಗಿ ಕಾಗದ ತೆಗೆದುಕೊಂಡು ಪೇಟಿ ರಿಪೇರಿಯವರ ಹತ್ತಿರ ಹೋಗಿ. ಆದರೆ ಎಲ್ಲ ಮನೆಯೂ ಒಂದೇ ಸಮ 20 ಸೆಂಟಿನಷ್ಟು ಕೆಳಗಿದ್ದರೆ ತಡೆಯಿರಿ, ಯಾರಿಗೂ ಕೆರೆಯಲು ಕೊಡಬೇಡಿ! ಫ್ರಾನ್ಸ್ 1859ರಲ್ಲಿ ಎ ಸ್ವರಕ್ಕೆ 435 ಹರ್ಟ್ಸ್ ಅಂತ ಗೊತ್ತು ಮಾಡಿತ್ತು. 440ರ ಲೆಕ್ಕದಲ್ಲಿ ಅದು ಸರಿಸುಮಾರು 20 ಸೆಂಟ್ ಕಮ್ಮಿ. ಅಜ್ಜನ ಕಾಲದ ಪ್ಯಾರಿಸ್ ರೀಡಿನ ಪೇಟಿ ಅದೇ ಶ್ರುತಿಯಲ್ಲಿ ಹುಟ್ಟಿದ್ದಿರಬಹುದು. ಟ್ಯೂನರ್‌ನ ಗುಂಡಿ 435ರವರೆಗೆ ಹೋದರೆ ಅಲ್ಲಿಗೆ ತಿರುಗಿಸಿ, ತಂಬೂರಿ, ತಬಲಾ ಎಲ್ಲವನ್ನೂ ಪೇಟಿಗೇ ಹೊಂದಿಸಿ. ಗುಂಡಿ ಅಷ್ಟು ದೂರ ಹೋಗದಿದ್ದರೆ ಮುಳ್ಳನ್ನು ಮೈನಸ್ 20ರಲ್ಲಿ ನಿಲ್ಲಿಸಿ, ಫಲ ಒಂದೇ.

ಇನ್ನು ಗಾಂಧಾರದ ವಿಷಯ. ಟ್ಯೂನರ್ ಸಪ್ತಕವನ್ನು 12 ಸಮ ಪಾಲು ಮಾಡಿ ಕೂತಿದೆ. ತಂಬೂರಿಯಲ್ಲಿ ತಾನಾಗಿ ಕೇಳುವ ಶುದ್ಧ ಗಾಂಧಾರ ಅದಕ್ಕಿಂತ 14 ಸೆಂಟ್ ಕೆಳಗಿದೆ. ಷಡ್ಜದಲ್ಲಿ ಮುಳ್ಳು ನಡುವೆ ನಿಂತಿದ್ದರೆ, ಪಂಚಮಕ್ಕೆ ಪ್ಲಸ್ 2, ಶುದ್ಧ ಮಧ್ಯಮಕ್ಕೆ ಮೈನಸ್ 2, ಶುದ್ಧ ನಿಷಾದಕ್ಕೆ ಮೈನಸ್ 12, ಕೋಮಲ ಗಾಂಧಾರಕ್ಕೆ ಪ್ಲಸ್ 16, ಕೋಮಲ ಧೈವತಕ್ಕೆ ಪ್ಲಸ್ 14 ಬಂದರೆ ಅದು ತಪ್ಪಲ್ಲ, ಅದೇ ಸರಿ. ಶುದ್ಧ ಧೈವತ ಒಂದು ರಾಗದಲ್ಲಿ ಮೈನಸ್ 16 ಕೇಳಬಹುದು, ಇನ್ನೊಂದರಲ್ಲಿ ಪ್ಲಸ್ 6. ಗಾಂಧಾರ ಟ್ಯೂನಿಂಗ್, ಅಂದರೆ ಸಮ ಪಾಲು ಬಿಟ್ಟು ಇಂಥ ಶುದ್ಧ ಸ್ವರಕ್ಕೆ ಹೊಂದಿಸಿದ ಪೇಟಿಗೆ ಮುಳ್ಳು ಹಿಡಿದು ಕೆಟ್ಟಿದೆ ಅಂತ ತೀರ್ಮಾನ ಮಾಡುವವರು ಈ ಅಂಕಿಗಳನ್ನು ಒಮ್ಮೆ ನೋಡಿ.

ತಂಬೂರಿ ಕೂಡಿಸೋದು

ತಂಬೂರಿ ಮುಂದೆ ಟ್ಯೂನರ್ ಇಟ್ಟರೆ ಮುಳ್ಳು ಹುಚ್ಚೆದ್ದು ಕುಣಿಯುತ್ತದೆ. ಟ್ಯೂನರ್ ತಪ್ಪಲ್ಲ. ಜವಾರಿ, ಅಂದರೆ ಕುದುರೆಯ ಮೇಲೆ ತಂತಿ ಕೊಡುವ ಝೇಂಕಾರ, ಇರುವುದೇ ಮೇಲಿನ ನಾದಗಳನ್ನು ಎಬ್ಬಿಸುವುದಕ್ಕೆ, ಖರಜದಲ್ಲಿ (ಕೆಳಗಿನ ಷಡ್ಜದ ದಪ್ಪ ತಂತಿಯಲ್ಲಿ) ಗಾಂಧಾರ ಕೇಳುತ್ತದಲ್ಲ, ಟ್ಯೂನರ್‌ಗೂ ಅದೇ ಕೇಳುತ್ತದೆ. ಹಾಗಾಗಿ ಮೊದಲು ಕುದುರೆಯ ಮೇಲಿನ ನೂಲನ್ನು ಸರಿಸಿ ಜವಾರಿ ಮುಚ್ಚಿ. ಉಳಿದ ತಂತಿಗಳನ್ನು ಅಂಗೈಯಿಂದ ಹಿಡಿಯಿರಿ. ತಂತಿಯ ನಡುಭಾಗದಲ್ಲಿ ಬೆರಳಿನ ಮೆತ್ತನೆ ತುದಿಯಿಂದ ಮೀಟಿ, ಉಗುರು ಬೇಡ. ಮೀಟಿದ ಕೂಡಲೇ ಮುಳ್ಳು ಹಾರುವುದನ್ನು ನಂಬಬೇಡಿ, ಎರಡು ಸೆಕೆಂಡ್ ಕಾದು ಅದು ಎಲ್ಲಿ ಇಳಿದು ನಿಲ್ಲುತ್ತದೆ ನೋಡಿ.

ಕಪ್ಪು ಒಂದಕ್ಕೆ ಹಾಡುವ ಗಂಡಸರ ತಂಬೂರಿ ಅಂತ ಇಟ್ಟುಕೊಳ್ಳೋಣ. ಟ್ಯೂನರ್‌ನಲ್ಲಿ ಅದು ಸಿ ಶಾರ್ಪ್. ಮೊದಲು ಜೋಡಿಯ (ನಡುವಿನ ಎರಡು ಷಡ್ಜದ ತಂತಿಗಳ) ಒಂದು ತಂತಿಯನ್ನು, ಅಂದರೆ 138.6 ಹರ್ಟ್ಸ್, ಮುಳ್ಳಿನ ನಡುವಿಗೆ ತನ್ನಿ. ತಂತಿ ಬಿಗಿಸುವ ಬಿರಡೆಯಿಂದ ಹತ್ತಿರ ತಂದು ಉಳಿದದ್ದನ್ನು ತಂತಿಗೆ ಪೋಣಿಸಿದ ಮಣಿಯಿಂದ ಮುಗಿಸಿ. ಟ್ಯೂನರ್ ಕೆಲಸ ಇಲ್ಲಿಗೆ ಬಹುಪಾಲು ಮುಗಿಯಿತು. ಎರಡನೇ ಜೋಡಿ ತಂತಿಯನ್ನು ಮೊದಲನೆಯದರ ಜೊತೆ ಮೀಟಿ, ಅಲೆ ಅಲೆಯಾಗಿ ಕೇಳುವುದು ನಿಲ್ಲುವ ತನಕ ಕಿವಿಯಿಂದಲೇ ಹೊಂದಿಸಿ. ಖರಜ 69.3ರ ಹತ್ತಿರ, ಅದನ್ನೂ ಜೋಡಿಗೆ ಕೇಳಿಸಿ ಕೂಡಿಸಿ. ಮಂದ್ರ ಪಂಚಮಕ್ಕೆ ಟ್ಯೂನರ್ ಜಿ ಶಾರ್ಪ್ ತೋರಿಸುತ್ತದೆ, ಪ್ಲಸ್ 2ರಲ್ಲಿ ನಿಂತರೆ ಬರೋಬ್ಬರಿ. ಕೊನೆಗೆ ನೂಲು ಹಾಕಿ ಜವಾರಿ ಬಿಡಿಸಿಕೊಳ್ಳಿ.

ಗದ್ದಲದ ಜಾಗದಲ್ಲಿ, ದೇವಸ್ಥಾನದ ಜಗಲಿಯಲ್ಲೋ ಪೆಂಡಾಲಿನಲ್ಲೋ, ಟ್ಯೂನರ್‌ನ ಮೈಕ್ ಕೆಲಸಕ್ಕೆ ಬರುವುದಿಲ್ಲ. ಎಲೆಕ್ಟ್ರಾನಿಕ್ಸ್ ಅಂಗಡಿಯಲ್ಲಿ 27 ಮಿಲಿಮೀಟರ್‌ನ ಪೀಜೋ ತಟ್ಟೆ (ನಡುಕವನ್ನು ಕರೆಂಟಾಗಿ ಮಾಡುವ ಬಿಲ್ಲೆ) ಕೇಳಿ, ಬಲು ಅಗ್ಗ. ಅದಕ್ಕೆ ಶೀಲ್ಡ್ ಇರುವ ವೈರ್ ಬೆಸೆಯಿರಿ: ನಡುವಿನ ಬಿಳಿ ವೃತ್ತಕ್ಕೆ ಒಳಗಿನ ಎಳೆ, ಹಿತ್ತಾಳೆ ಅಂಚಿಗೆ ಹೊರಗಿನ ಜಾಲರಿ. ಇನ್ನೊಂದು ತುದಿಗೆ ಗಿಟಾರಿಗೆ ಹಾಕುವ ದಪ್ಪ ಮೋನೋ ಜ್ಯಾಕ್. ತಟ್ಟೆಯನ್ನು ಮೆತ್ತನೆ ಬಟ್ಟೆ ಸಮೇತ ತಂಬೂರಿಯ ಕುದುರೆ ಹತ್ತಿರ ಒತ್ತಿ ಹಿಡಿದರೆ ಪಕ್ಕದಲ್ಲಿ ಡೊಳ್ಳು ಬಾರಿಸಿದರೂ ಮುಳ್ಳು ನಿಮ್ಮ ತಂತಿಯದ್ದನ್ನೇ ಹೇಳುತ್ತದೆ. ಪಾಲಿಶ್ ಮೇಲೆ ಅಂಟಿನ ಟೇಪ್ ಮಾತ್ರ ಹಚ್ಚಬೇಡಿ, ಮೀರಜ್‌ನಿಂದ ತಂದ ತಂಬೂರಿಯ ಹೊಳಪು ಅದರ ಜೊತೆಗೇ ಕಿತ್ತು ಬರುತ್ತದೆ.

ತಬಲಾದ ಕರಣೆ, ಅಂದರೆ ಚರ್ಮದ ಮೇಲಿನ ಕಪ್ಪು ಬೊಟ್ಟು, ಅದರ ನಾದವನ್ನು ಸ್ವರಕ್ಕೆ ತರುತ್ತದೆ ಅಂತ ಸಿ.ವಿ. ರಾಮನ್ 1920ರಲ್ಲೇ ತೋರಿಸಿದ್ದರು, ಹಾಗಾಗಿ ಟ್ಯೂನರ್ ಅದನ್ನು ಗುರುತಿಸಬಲ್ಲದು. ಆದರೆ ಪೆಟ್ಟು ಬೇಗ ಸಾಯುತ್ತದೆ, ಮುಳ್ಳು ಏಳುವಷ್ಟರಲ್ಲಿ ಸದ್ದು ಮುಗಿದಿರುತ್ತದೆ. ಸುಮ್ನೆ ಪೇಟಿಯ ಷಡ್ಜ ಹಿಡಿದು ಕಿವಿಯಿಂದ ಕೂಡಿಸಿ.

ಏಪ್ರಿಲ್, ಮೇನಲ್ಲಿ ವಿಜಯಪುರದ ಬಿಸಿಲಿಗೆ ತಂತಿ ಹಿಗ್ಗಿ ಶ್ರುತಿ ಇಳಿಯುತ್ತದೆ. ನೆರಳಲ್ಲಿ ಕೂಡಿಸಿದ್ದನ್ನು ವೇದಿಕೆಯ ದೀಪದ ಕೆಳಗೆ ಮತ್ತೊಮ್ಮೆ ನೋಡಿಕೊಳ್ಳಿ.

ಇಡೋದು, ಕೈಬಿಡೋದು

ಕೆಲಸ ಮುಗಿದ ಮೇಲೆ ಸೆಲ್ ತೆಗೆದಿಡಿ. ಸ್ಪೀಕರ್ ಬಾಕ್ಸಿನ ಮೇಲೆ ಇಡಬೇಡಿ, ಅದರ ಅಯಸ್ಕಾಂತ ಮೀಟರ್‌ಗೆ ಒಳ್ಳೇದಲ್ಲ.

ಎಲ್ಲ ಮಾಡಿದರೂ ಸ್ವರ ಗುರುತಿಸುವುದೇ ಇಲ್ಲ, ಸೆಲ್ ಸರಿ, ಸ್ವಿಚ್ ಸರಿ, ಕೆಪಾಸಿಟರ್ ಹೊಸದು ಅಂದರೆ ಒಳಗಿನ ಚಿಪ್ ಹೋಗಿರುವ ಸಾಧ್ಯತೆ ಹೆಚ್ಚು. ಆ ಕಂಪನಿ ತನಗಾಗಿಯೇ ಮಾಡಿಸಿದ ಚಿಪ್ ಆಗಿದ್ದರೆ ಅಂಗಡಿಯಲ್ಲಿ ಸಿಗುವುದಿಲ್ಲ, ಅದರ ಮೇಲೆ ದುಡ್ಡು ಸುರಿಯಬೇಡಿ. ಹಾಗಂತ ಗುಜರಿಗೂ ಹಾಕಬೇಡಿ. ಒಳ್ಳೇ ಮೀಟರ್, ಗುಂಡಿ, ಸೆಲ್ ಮುಚ್ಚಳ ಇವು ಅದೇ ಮಾದರಿಯ ಇನ್ನೊಂದು ಡಬ್ಬಿಗೆ ಬೇಕಾಗುತ್ತವೆ. ಸೆಲ್ ಮುಚ್ಚಳ ಕಳೆದುಹೋಗದ ಹಳೇ ಟ್ಯೂನರ್ ನಾನಂತೂ ಹೆಚ್ಚು ನೋಡಿಲ್ಲ.